ಹಿಮ ಬೀಳುವ ಕಾಡು, ತರಗು ಉರಿಯುವ ಕಾಡು

ಮೈಸೂರಿನ ಮೇಟಗಳ್ಳಿಯಲ್ಲಿ ಮನೆಯಿರುವವರಿಗೆ ಕೆ.ಆರ್.ಎಸ್. ರಸ್ತೆ ದಿನನಿತ್ಯದ ನಂಟು. ಕಾರ್ಖಾನೆಗಳ ಪಾಳಿ ಬಿಟ್ಟ ಹೊತ್ತಿಗೆ ಮನೆಗೆ ಮರಳುವವರು, ಬೃಂದಾವನಕ್ಕೆ ಹೊರಟ ಪ್ರವಾಸಿಗರು, ಎಲ್ಲರಿಗೂ ಅದೇ ದಾರಿ. ಆ ದಾರಿಯ ಕೊನೆಯಲ್ಲಿರುವ ಉದ್ಯಾನಕ್ಕೆ ರೂಪ ಕೊಟ್ಟ ಜಿ.ಎಚ್. ಕ್ರುಂಬಿಗೆಲ್ ಹುಟ್ಟಿದ್ದು 1865ರಲ್ಲಿ, ಜರ್ಮನಿಯ ಸ್ಯಾಕ್ಸನಿ ಸೀಮೆಯ ಲೋಮೆನ್ ಎಂಬ ಊರಿನಲ್ಲಿ. ಡ್ರೆಸ್ಡೆನ್ ನಗರದ ಹತ್ತಿರದ ಕಾಡುಬೆಟ್ಟಗಳ ಅಂಚು ಅದು. ನಮ್ಮ ಅಣೆಕಟ್ಟೆಯ ಕೆಳಗಿನ ಹೂವು, ಕಾರಂಜಿಗಳನ್ನು ನೋಡುವಾಗ ನನಗೆ ಆ ಸೀಮೆಯಿಂದಲೇ ಬಂದ ಇನ್ನೊಂದು ಸಂಗತಿ ನೆನಪಾಗುತ್ತದೆ. ಅದು ಕಾಡನ್ನು ನೋಡುವ ಬಗೆ.

ಲೋಮೆನ್ನಿಗೆ ನೈರುತ್ಯದಲ್ಲಿ, ಜೆಕ್ ದೇಶದ ಗಡಿಯುದ್ದಕ್ಕೂ ಸುಮಾರು 150 ಕಿ.ಮೀ. ಮಲಗಿರುವ ಬೆಟ್ಟಸಾಲಿನ ಹೆಸರು ಎರ್ಟ್ಸ್‌ಗೆಬಿರ್ಗೆ. ಅದಿರಿನ ಬೆಟ್ಟ ಎಂದರ್ಥ. ಉತ್ತರಕ್ಕೆ ನಿಧಾನವಾಗಿ ಇಳಿಯುವ ಇಳಿಜಾರು, ದಕ್ಷಿಣಕ್ಕೆ ಗೋಡೆಯಂಥ ಕಡಿದು. ಒಂದು ಪಕ್ಕ ಎತ್ತಿಟ್ಟ ಹಲಗೆಯ ಹಾಗೆ ಭೂಮಿ ಅಲ್ಲಿ ಓರೆಯಾಗಿ ಎದ್ದಿದೆ. ಜರ್ಮನಿಯ ಕಡೆಯ ಅತಿ ಎತ್ತರದ ನೆತ್ತಿ ಫಿಖ್ಟೆಲ್‌ಬೆರ್ಗ್, 1,215 ಮೀಟರ್. ಬೆಟ್ಟದ ಒಡಲಲ್ಲಿ ಬೆಳ್ಳಿಯಿತ್ತು. ಬೆಳ್ಳಿ ಕರಗಿಸಲು ಇದ್ದಿಲು ಬೇಕು, ಸುರಂಗಕ್ಕೆ ಆನಿಕೆಯ ಮರ ಬೇಕು. ಕಾಡು ಬರಿದಾಗುತ್ತ ಬಂತು. ಫ್ರೈಬೆರ್ಗಿನಲ್ಲಿ ಗಣಿಗಳ ಮೇಲಧಿಕಾರಿಯಾಗಿದ್ದ ಹಾನ್ಸ್ ಕಾರ್ಲ್ ಫಾನ್ ಕಾರ್ಲೊವಿಟ್ಸ್ 1713ರಲ್ಲಿ ಒಂದು ಪುಸ್ತಕ ಬರೆದು, ಬೆಳೆಯುವಷ್ಟನ್ನೇ ಕಡಿಯಬೇಕು ಎಂದ. ಇವತ್ತು ಜಗತ್ತೆಲ್ಲ ಆಡುವ ‘ಸುಸ್ಥಿರತೆ’ಯ ಮಾತಿಗೆ ಬೇರು ಅಲ್ಲಿದೆ. ಒಳ್ಳೆಯ ಮಾತು. ಆದರೆ ಅದರ ಕಣ್ಣಿದ್ದದ್ದು ದಿಮ್ಮಿಯ ಮೇಲೆ. ಸುಮಾರು ನೂರು ವರ್ಷದ ತರುವಾಯ, 1811ರಲ್ಲಿ, ಅದೇ ಸೀಮೆಯ ಥರಾಂಟಿನಲ್ಲಿ ಹೈನ್ರಿಖ್ ಕೊಟ್ಟಾ ಎಂಬಾತ ಅರಣ್ಯಶಾಲೆ ತೆರೆಯುವ ಹೊತ್ತಿಗೆ ಕಾಡೆಂದರೆ ಅಳೆದು ಲೆಕ್ಕವಿಡುವ ಆಸ್ತಿಯಾಗಿತ್ತು. ಬೀಚ್, ಫರ್ ಮರಗಳಿದ್ದ ಬೆರಕೆ ಕಾಡಿನ ಜಾಗದಲ್ಲಿ ಬೇಗ ಬೆಳೆಯುವ ಸ್ಪ್ರೂಸ್ ಸಾಲುಸಾಲಾಗಿ ನಿಂತಿತು. ಹಿಮ ಬೀಳುವ, ವರ್ಷವಿಡೀ ತೇವ ಆರದ ಆ ಇಳಿಜಾರುಗಳಲ್ಲಿ ಬೆಂಕಿಗೆ ಯಾವ ಕೆಲಸವೂ ಇಲ್ಲ. ಅದು ಬಂತೆಂದರೆ ನಷ್ಟವೇ.

ಈ ನೋಟ ನಮ್ಮಲ್ಲಿಗೂ ಬಂತು. 1864ರಲ್ಲಿ ಬ್ರಿಟಿಷ್ ಸರ್ಕಾರ ಭಾರತದ ಮೊದಲ ಅರಣ್ಯ ಮಹಾನಿರೀಕ್ಷಕನನ್ನಾಗಿ ನೇಮಿಸಿದ್ದು ಬಾನ್ ನಗರದ ಡೀಟ್ರಿಖ್ ಬ್ರಾಂಡಿಸ್ ಎಂಬ ಸಸ್ಯವಿಜ್ಞಾನಿಯನ್ನು. ನಮ್ಮ ಮರಗಳನ್ನು ನಿಜವಾಗಿ ಪ್ರೀತಿಸಿದ ಮನುಷ್ಯ ಆತ. ಹಳ್ಳಿಗಳಿಗೆ ತಮ್ಮದೇ ಕಾಡಿರಬೇಕು ಎಂದೂ ವಾದಿಸಿದ್ದ. ಆದರೂ ಅರಣ್ಯ ಇಲಾಖೆಯ ಮೊದಲ ಪಾಠಗಳಲ್ಲಿ ಒಂದು, ಕಾಡಿಗೆ ಬೆಂಕಿ ಬೀಳದಂತೆ ಕಾಯುವುದು.

ಈಗ ಬಿಳಿಗಿರಿರಂಗನ ಬೆಟ್ಟಕ್ಕೆ ಬನ್ನಿ. ಮೈಸೂರಿನಿಂದ ಯಳಂದೂರು ದಾಟಿದರೆ ಎದುರಿಗೇ ಏಳುತ್ತದೆ. ಉತ್ತರ ದಕ್ಷಿಣವಾಗಿ ಚಾಚಿದ ಏಣುಗಳು ಬುಡದಲ್ಲಿ ಸುಮಾರು 600 ಮೀಟರ್, ಕಟ್ಟಾರಿ ಬೆಟ್ಟದಲ್ಲಿ 1,800 ಮೀಟರ್. ಪಶ್ಚಿಮ ಘಟ್ಟಕ್ಕೂ ಪೂರ್ವ ಘಟ್ಟಕ್ಕೂ ನಡುವೆ ಕಾಡಿನ ಸೇತುವೆ ಇದು. ಬುಡದಲ್ಲಿ ಮುಳ್ಳುಕುರುಚಲು, ಮೇಲೇರಿದರೆ ಎಲೆ ಉದುರಿಸುವ ಕಾಡು, ಅದರ ಮೇಲೆ ಹುಲ್ಲುಬೋರೆ, ಮಡಿಲುಗಳಲ್ಲಿ ಶೋಲಾ. ಒಂದು ಗಂಟೆಯ ಪ್ರಯಾಣದಲ್ಲಿ ಇಷ್ಟು ಬಗೆಯ ಕಾಡನ್ನು ತೋರಿಸುವ ಬೆಟ್ಟ ನಮ್ಮ ಕಡೆ ಇನ್ನೊಂದು ಇದೆಯೇ? ಜನವರಿಯಿಂದ ಮಾರ್ಚ್‌ವರೆಗೆ ಮಳೆ ಅಪರೂಪ. ತೇಗ, ಮತ್ತಿ, ನೆಲ್ಲಿಗಳ ಕೆಳಗೆ ತರಗು ಗರಿಗರಿಯಾಗಿ ಬಿದ್ದಿರುತ್ತದೆ.

ಇಲ್ಲಿನ ಆದಿವಾಸಿಗಳಾದ ಸೋಲಿಗರು ಈ ಬೆಟ್ಟವನ್ನು ಓದುವ ಕ್ರಮವೇ ಬೇರೆ. ಅವರ ನಕ್ಷೆಯಲ್ಲಿ ದೇವರು, ಮಾರಮ್ಮ, ವೀರು, ಕಲ್ಲುಗುಡಿ, ಅಬ್ಬಿ ಎಂಬ ತಾಣಗಳಿಂದ ಒಂದೊಂದು ಕುಲದ ಎಲ್ಲೆ ಗುರುತಾಗುತ್ತದೆ. ನೀರಿನ ಸೆಲೆಗೂ ಪೂಜೆಯಿದೆ. ಅವರು ಪೂಜಿಸುವ ದೊಡ್ಡಸಂಪಿಗೆಯ ಮುದಿಮರ ಹೊಳೆಯ ದಡದಲ್ಲೇ ನಿಂತಿದೆ. ಹುಲ್ಲು ಒಣಗಿದ ಮೊದಲ ವಾರಗಳಲ್ಲೇ ಅವರು ಇಡುತ್ತಿದ್ದದ್ದು ತರಗು ಬೆಂಕಿ. ಮೊಣಕಾಲೆತ್ತರ ಮೀರದ, ನೆಲದ ಮೇಲೆ ತೆವಳಿ ತಾನೇ ಆರುವ ಬೆಂಕಿ. ತರಗು ಸುಟ್ಟ ಜಾಗದಲ್ಲಿ ಹೊಸ ಹುಲ್ಲು ಚಿಗುರಿ ಕಡವೆ, ಕಾಟಿಗಳಿಗೆ ಮೇವಾಗುತ್ತಿತ್ತು, ಲಾಂಟಾನ ಎಂಬ ಕಳೆಯ ಎಳೆಗಿಡ ಸಾಯುತ್ತಿತ್ತು. ನೆಲ್ಲಿಮರಕ್ಕೆ ಹತ್ತಿ ಅದರ ಸತ್ವ ಹೀರುವ ಬಂದಳಿಕೆಗೆ ಸೋಲಿಗರು ಉಪ್ಪಿಲು ಎನ್ನುತ್ತಾರೆ. ಅದೂ ಈ ಬೆಂಕಿಯಿಂದ ಹದ್ದುಬಸ್ತಿನಲ್ಲಿರುತ್ತಿತ್ತು ಎನ್ನುವುದು ಅವರ ಅನುಭವ.

1972ರ ವನ್ಯಜೀವಿ ಕಾಯ್ದೆ, 1974ರ ಅಭಯಾರಣ್ಯ. ಕಾಡಿನೊಳಗಿನ ಪೋಡುಗಳು, ಅಂದರೆ ಸೋಲಿಗರ ಹಾಡಿಗಳು, ರಸ್ತೆಬದಿಗೆ ಬಂದವು, ತರಗು ಬೆಂಕಿ ಅಪರಾಧವಾಯಿತು. ಲಾಂಟಾನ ಹಬ್ಬಿದ್ದಕ್ಕೆ ಬೆಂಕಿ ನಿಂತದ್ದೊಂದೇ ಕಾರಣವೆಂದು ನಾನು ಹೇಳಲಾರೆ. ಹಳೆಯ ಮರಗಡಿತವೂ ಅದಕ್ಕೆ ಬೆಳಕು ಬಿಟ್ಟುಕೊಟ್ಟಿರಬೇಕು. ಆದರೆ ಇವತ್ತು ಆ ಕಾಡಿನೊಳಗೆ ಹತ್ತು ಹೆಜ್ಜೆ ಇಟ್ಟರೆ ಎದೆಯೆತ್ತರದ ಮುಳ್ಳುಪೊದೆ ತಡೆಯುತ್ತದೆ. ಈಗ ಬೆಂಕಿ ಬಿದ್ದರೆ ಅದು ತೆವಳುವುದಿಲ್ಲ, ಪೊದೆಯನ್ನೇ ಏಣಿ ಮಾಡಿಕೊಂಡು ನೆತ್ತಿಗೇರುತ್ತದೆ.

ಸ್ಪ್ರೂಸ್ ಸಾಲಿನ ಕಥೆಯೂ ಸುಖದ್ದಲ್ಲ. ಕಂದು ಕಲ್ಲಿದ್ದಲು ಸುಡುವ ವಿದ್ಯುತ್ ಸ್ಥಾವರಗಳ ಗಂಧಕದ ಹೊಗೆಗೆ 1970, 80ರ ದಶಕಗಳಲ್ಲಿ ಅದಿರಿನ ಬೆಟ್ಟದ ನೆತ್ತಿಯ ಮರಗಳು ನಿಂತಲ್ಲೇ ಸತ್ತವು. ಸ್ಯಾಕ್ಸನಿಯ ಅರಣ್ಯಾಧಿಕಾರಿಗಳು ಈಗ ಬೀಚ್, ಫರ್ ನೆಟ್ಟು ಹಳೆಯ ಬೆರಕೆಯನ್ನು ಮರಳಿ ತರುತ್ತಿದ್ದಾರೆ. ತಮ್ಮ ಶಾಲೆಯ ಪಾಠವನ್ನು ಅವರು ತಮ್ಮ ಬೆಟ್ಟವನ್ನು ನೋಡಿ ತಿದ್ದಿಕೊಂಡರು.

ನಮ್ಮ ಬೆಟ್ಟ ಹುಲಿ ಸಂರಕ್ಷಿತ ಪ್ರದೇಶವಾದ 2011ರಲ್ಲೇ ಸೋಲಿಗರಿಗೆ ಸಮುದಾಯ ಅರಣ್ಯ ಹಕ್ಕುಗಳು ಸಿಕ್ಕವು. ಜೇನು, ನೆಲ್ಲಿ, ಕಲ್ಲುಪಾಚಿ ಕೂಡಿಸುವ ಹಕ್ಕು ಹಾಳೆಯ ಮೇಲೆ ಬಂತು. ತರಗು ಬೆಂಕಿಯ ತಿಳಿವಳಿಕೆ ಮಾತ್ರ ಹೊರಗೇ ಉಳಿಯಿತು. ಆ ಬೆಂಕಿಯನ್ನು ಕೈಯಾರೆ ಇಟ್ಟು ಬಲ್ಲವರು ಈಗ ಮುದುಕರು. ಇಲಾಖೆಯವರೂ ಸಂಶೋಧಕರೂ ಅವರ ಜೊತೆ ಒಂದು ಜನವರಿಯಲ್ಲಾದರೂ ಒಂದು ಸಣ್ಣ ಬೋರೆಯಲ್ಲಿ ಆ ಬೆಂಕಿಯನ್ನು ಇಟ್ಟು ನೋಡಲಿ ಎಂದು ಕೇಳುತ್ತಿದ್ದೇನೆ. ಯಾವ ಗಾಳಿಗೆ, ಯಾವ ಹೊತ್ತಿಗೆ, ಇಳಿಜಾರಿನ ಯಾವ ತುದಿಯಿಂದ ಹಚ್ಚಬೇಕು ಎಂಬುದು ಅವರಿಗಿನ್ನೂ ನೆನಪಿದೆ.