ಹಣೆಬರಹ ಅಲ್ಲ, ಹಕ್ಕಿನ ಚೀಟಿ



ಕರ್ನಾಟಕದಲ್ಲಿ ಲಾಟರಿ ನಿಂತದ್ದು 2007ರಲ್ಲಿ. ನಮ್ಮ ಜನರ ಪಾಲಿಗೆ ಮಾತ್ರ ಅದು ನಿಂತಿಲ್ಲ. ಗುಂಡ್ಲುಪೇಟೆ, ಎಚ್.ಡಿ. ಕೋಟೆ ಕಡೆಯಿಂದ ವಯನಾಡಿಗೆ ಕೂಲಿಗೆ ಹೋಗುವವರ ಜೇಬಿನಲ್ಲಿ ಬೀಡಿ ಕಟ್ಟಿನ ಜೊತೆ ಕೇರಳದ ಚೀಟಿಯೂ ಇರುತ್ತದೆ. 2024ರ ಓಣಂ ಬಂಪರಿನ 25 ಕೋಟಿ ಮಂಡ್ಯ ಜಿಲ್ಲೆಗೆ ಬಂದಾಗ ಪತ್ರಿಕೆಗಳು ಕುಣಿದವು. ಬಹುಮಾನ ಬಂದೂ ಕೈಗೆ ಸಿಗದವರ ಸುದ್ದಿ ಯಾರಿಗೆ ಬೇಕು?

ನಮ್ಮ ಕೇರಿಯ ದೊಡ್ಡಪ್ಪನ ಕತೆ ಕೇಳಿ. ಮೂವರು ದುಡ್ಡು ಸೇರಿಸಿ ಒಂದು ಚೀಟಿ ಕೊಂಡರು. ಮೂವರಿಗೂ ಓದು ಬರಲ್ಲ. "ಏನಾರ ಬಂದದಾ ನೋಡಪ್ಪ" ಅಂತ ಅಂಗಡಿಯವನ ಕೈಗೇ ಕೊಟ್ಟರು. ಅವನು ನೋಡಿ "ಏನೂ ಇಲ್ಲ, ಹೋಗಿ" ಅಂದ. ಚೀಟಿ ಅವನ ಹತ್ರಾನೇ ಉಳೀತು. ಕೊಂಡ ದಿನವೇ ನಂಬರು ಬರೆದಿಟ್ಟುಕೊಂಡಿದ್ದ ಜೊತೆಗಾರನ ಮಗ ವಾರ ಕಳೆದ ಮೇಲೆ ಫಲಿತಾಂಶ ನೋಡಿದರೆ, ಒಂದು ಲಕ್ಷ! ಓಡಿಹೋಗಿ ಕೇಳಿದರೆ, "ಯಾವ ಚೀಟಿ? ನಿಮ್ಮ ಹೆಸರು ಬರೆದಿತ್ತಾ?" ಠಾಣೆಯಲ್ಲೂ ಅದೇ ಪ್ರಶ್ನೆ. ದೊಡ್ಡಪ್ಪ ವಾಪಸ್ ಬಂದು ಅಂದದ್ದು ಇಷ್ಟೆ: "ನಮ್ಮ ಹಣೇಲಿ ಬರೆದಿರ್ಲಿಲ್ಲ, ಬುಡು ಮಗ."

ಈ ಮಾತಿಗೇ ನಮ್ಮ ಸಿಟ್ಟು. ಹಣೇಲಿ ಅಲ್ಲ ದೊಡ್ಡಪ್ಪ, ಚೀಟಿಯ ಬೆನ್ನಿಗೆ ಬರೆದಿರಲಿಲ್ಲ! ಮಂಜೂರಾದ ಜಮೀನು ಕೈಬಿಟ್ಟಾಗಲೂ ನಮ್ಮ ಹಿರಿಯರು ಹಣೆಬರಹ ಅಂದರು. ಹೆಬ್ಬೆಟ್ಟು ಒತ್ತಿಸಿಕೊಂಡವನು ಉಳುತ್ತಿದ್ದ. ಆ ಜಮೀನು ಬಿಡಿಸಿಕೊಳ್ಳಲು 1978ರ ಕಾಯ್ದೆಯೇ ಬರಬೇಕಾಯಿತು. ಕಾಗದ ಯಾರ ಕೈಯಲ್ಲೋ ಹಕ್ಕು ಅವರದು ಅನ್ನುವ ಆಟ ಅಂದಿನದೇ.

ಕಾನೂನು ಏನು ಹೇಳುತ್ತದೆ ನೋಡಿ. ಲಾಟರಿ ಚೀಟಿ ಸರಕಲ್ಲ, ಅದೊಂದು ಹಕ್ಕು, ಕೊಡದಿದ್ದರೆ ದಾವೆ ಹೂಡಿ ಪಡೆಯುವಂಥ ಹಕ್ಕು ಎಂದು 2006ರಲ್ಲಿ ಸುಪ್ರೀಂ ಕೋರ್ಟು ಹೇಳಿತು. ಕೇಳೋಕೆ ಚೆಂದ. ಆದರೆ ಕೇರಳದಲ್ಲಿ ಚೀಟಿ ಒಪ್ಪಿಸಲು ಇರುವುದು 30 ದಿನ. ಅವಧಿ ಮೀರಿ ಉಳಿದ ಬಹುಮಾನ ಸರ್ಕಾರದ ಸ್ವತ್ತು ಎಂದು 1998ರ ಲಾಟರಿ ಕಾಯ್ದೆಯೇ ಬರೆದಿಟ್ಟಿದೆ. ಅಂದರೆ ಓದು ಬರದವನ ಅಜ್ಞಾನವೂ ಖಜಾನೆಗೆ ಜಮಾ! ಸರ್ಕಾರ ನಡೆಸಿದರೂ ಲಾಟರಿ ಜೂಜೇ ಎಂದು 1999ರಲ್ಲಿ ಅದೇ ಕೋರ್ಟು ಹೇಳಿತ್ತು.

ಗಡಿಯ ತಕರಾರು ಬೇರೆ. 2023ರ ಓಣಂ ಬಂಪರ್ ತಮಿಳುನಾಡಿನ ನಾಲ್ವರಿಗೆ ಬಂದಾಗ, ಆ ಚೀಟಿ ಕಳ್ಳದಾರಿಯಲ್ಲಿ ಗಡಿ ದಾಟಿ ಮಾರಾಟವಾದದ್ದು ಎಂದು ದೂರು ಬಿತ್ತು. ನಮ್ಮೂರ ಸಂತೆಯಲ್ಲಿ ಕದ್ದು ಮಾರುವವನಿಂದ ಕೊಂಡವರು ನಾಳೆ ಯಾವ ಬಾಯಲ್ಲಿ ಬಹುಮಾನ ಕೇಳುತ್ತಾರೆ?

"ಜೂಜಾಡೋರ ವಕಾಲತ್ತು ನಿಮಗ್ಯಾಕೆ?" ಅಂತ ಹಾಸ್ಟೆಲಿನಲ್ಲೇ ಕೆಲವರು ಕೇಳಿದರು. ನಾವು ಲಾಟರಿ ಹೊಗಳುತ್ತಿಲ್ಲ. ದಿನಗೂಲಿಯಲ್ಲಿ ಬದುಕು ಬದಲಾಗದು ಎಂದು ಗೊತ್ತಾದವನಿಗೆ ಕನಸು ಮಾರುವುದೇ ಮೋಸ. ಆ ಮೋಸದೊಳಗೆ ಇನ್ನೊಂದು ಮೋಸ ಆಗುವಾಗ ನೀತಿ ಹೇಳಿ ಸುಮ್ಮನಿರುವುದು ಓದಿದವರ ಹೇಡಿತನ.

ರಜೆಗೆ ಊರಿಗೆ ಹೋದಾಗ ಇಷ್ಟು ಮಾಡಿ. ಚೀಟಿ ಕೊಂಡವರಿಂದ ಅದರ ಬೆನ್ನಿಗೆ ಹೆಸರು, ವಿಳಾಸ, ಸಹಿ ಹಾಕಿಸಿ. ಎರಡೂ ಕಡೆ ಫೋಟೋ ತೆಗೆದಿಡಿ. ಪಾಲುದಾರರಿದ್ದರೆ ಅಂದೇ ಬರೆದು ಎಲ್ಲರ ಸಹಿ ಪಡೆಯಿರಿ. ಫಲಿತಾಂಶ ನೀವೇ ನೋಡಿ, ಚೀಟಿ ಯಾರ ಕೈಗೂ ಕೊಡಬೇಡಿ. ತಕರಾರು ಬಂದರೆ ತಾಲ್ಲೂಕು ಕಾನೂನು ಸೇವಾ ಸಮಿತಿಗೆ ಹೋಗಿ. 1987ರ ಕಾಯ್ದೆಯಂತೆ ಪರಿಶಿಷ್ಟ ಜಾತಿ, ಪಂಗಡದವರಿಗೆ ಅಲ್ಲಿ ವಕೀಲರು ಉಚಿತ. ಅದು ಭಿಕ್ಷೆ ಅಲ್ಲ, ಹಕ್ಕು.

ಲಾಟರಿಯಿಂದ ನಮ್ಮ ಕೇರಿ ಉದ್ಧಾರ ಆಗಲ್ಲ. ಆದರೆ "ನಮ್ಮ ಹಣೇಲಿ ಇಲ್ಲ" ಅನ್ನುವ ಮಾತು ನಮ್ಮ ಮನೆಗಳಲ್ಲಿ ನಿಲ್ಲಬೇಕು. ನಾವು ಅಕ್ಷರ ಕಲಿತದ್ದು ಅದಕ್ಕೇ.