ನೃತ್ಯಕ್ಕೆ ಹೈಕೋರ್ಟ್ ಅಂಕ ಕೊಡಲಾರದು

ಕೇರಳದಲ್ಲಿ ಜಿಲ್ಲಾ ಶಾಲಾ ಕಲೋತ್ಸವಗಳು ಮುಗಿಯುತ್ತಿದ್ದಂತೆ ಹೈಕೋರ್ಟಿನಲ್ಲಿ ಒಂದೇ ಬಗೆಯ ಅರ್ಜಿಗಳು ಸಾಲುಗಟ್ಟುತ್ತವೆ. ವೇದಿಕೆ ಸರಿಯಿರಲಿಲ್ಲ, ನಡುವೆ ಹಾಡು ನಿಂತುಹೋಯಿತು, ತೀರ್ಪುಗಾರರು ಗೆದ್ದವರ ಗುರುವಿಗೆ ಬೇಕಾದವರು... ದೂರುಗಳು ಹಲವು, ಬೇಡಿಕೆ ಮಾತ್ರ ಒಂದೇ: ನಮ್ಮ ಮಗುವಿಗೂ ರಾಜ್ಯ ಮಟ್ಟದಲ್ಲಿ ಸ್ಪರ್ಧಿಸಲು ಅವಕಾಶ ಕೊಡಿಸಿ.

1957ರಲ್ಲಿ ಎರ್ನಾಕುಲಂನಲ್ಲಿ ಸಣ್ಣದಾಗಿ ಆರಂಭವಾದ ರಾಜ್ಯ ಶಾಲಾ ಕಲೋತ್ಸವದಲ್ಲಿ ಇಂದು 117.5 ಪವನಿನ ಚಿನ್ನದ ಕಪ್‌ಗಾಗಿ ಜಿಲ್ಲೆಗಳು ಸೆಣಸುತ್ತವೆ. 2025ರ ಜನವರಿಯಲ್ಲಿ ತ್ರಿಶೂರ್ 1008 ಅಂಕ ಗಳಿಸಿ ಕಪ್ ಗೆದ್ದಿತು. ಪಾಲಕ್ಕಾಡ್‌ಗೆ ಬಂದದ್ದು 1007. ಪೈಪೋಟಿ ಅತಿಯಾಯಿತೆಂದು ಕಲಾತಿಲಕ, ಕಲಾಪ್ರತಿಭೆ ಎಂಬ ವೈಯಕ್ತಿಕ ಬಿರುದುಗಳನ್ನು ಸುಮಾರು ಎರಡು ದಶಕದ ಹಿಂದೆಯೇ ಕೈಬಿಟ್ಟು, ರಾಜ್ಯ ಮಟ್ಟದಲ್ಲಿ ಗ್ರೇಡ್ ಪದ್ಧತಿ ತಂದರು. ಜಗಳ ನಿಲ್ಲಲಿಲ್ಲ. ಏಕೆಂದರೆ ಇಕ್ಕಟ್ಟು ಇರುವುದು ಒಂದು ಮೆಟ್ಟಿಲು ಕೆಳಗೆ. ಜಿಲ್ಲೆಯಿಂದ ಪ್ರತಿ ಸ್ಪರ್ಧೆಗೆ ಮೇಲೆ ಹೋಗುವುದು ಮೊದಲ ಸ್ಥಾನ ಮಾತ್ರ. ರಾಜ್ಯ ಮಟ್ಟದಲ್ಲಿ ಎ ಗ್ರೇಡ್ ಸಿಕ್ಕರೆ ಪರೀಕ್ಷೆಯಲ್ಲಿ ಕೃಪಾಂಕ. ಅರ್ಧ ಅಂಕದಲ್ಲಿ ಸೋತ ಮಗುವಿನ ಮನೆಯವರು ವಕೀಲರನ್ನು ಹುಡುಕುವುದರಲ್ಲಿ ಆಶ್ಚರ್ಯವೇನಿದೆ?

ಶಿಕ್ಷಣ ಇಲಾಖೆಯ ಅಪೀಲು ಸಮಿತಿಗಳಿವೆ. ಅಲ್ಲಿ ಆಗದವರು ಮುನ್ಸಿಫ್ ಕೋರ್ಟು, ಲೋಕಾಯುಕ್ತ, ಮಕ್ಕಳ ಹಕ್ಕು ಆಯೋಗ, ಹೈಕೋರ್ಟುಗಳ ಬಾಗಿಲು ತಟ್ಟಿದ್ದಾರೆ. ಮಧ್ಯಂತರ ಆದೇಶ ಹಿಡಿದು ಬಂದವರಿಂದ ಸ್ಪರ್ಧಿಗಳ ಪಟ್ಟಿ ಬೆಳೆದು, ಮುಖಕ್ಕೆ ಬಣ್ಣ ಹಚ್ಚಿಕೊಂಡ ಮಕ್ಕಳು ನಡುರಾತ್ರಿ ದಾಟಿದರೂ ಸರದಿಗೆ ಕಾಯಬೇಕಾಗುತ್ತದೆ. 2018ರಲ್ಲಿ ತ್ರಿಶೂರಿನ ಕಲೋತ್ಸವದಲ್ಲಿ ಮಕ್ಕಳ ಹಕ್ಕು ಆಯೋಗದ ಹೆಸರಿನ ನಕಲಿ ಆದೇಶಗಳೇ ಸಿಕ್ಕಿಬಿದ್ದು ಪೊಲೀಸ್ ತನಿಖೆ ನಡೆಯಿತು. ಮಕ್ಕಳ ಉತ್ಸವಕ್ಕೆ ಇದಕ್ಕಿಂತ ದೊಡ್ಡ ಅವಮಾನ ಬೇಕಿಲ್ಲ.

2023ರ ಕೋಝಿಕ್ಕೋಡ್ ಕಲೋತ್ಸವದ ಹೊಸ್ತಿಲಲ್ಲಿ ಹೈಕೋರ್ಟ್ ಇಂಥ ಅರ್ಜಿಗಳನ್ನು ತಳ್ಳಿಹಾಕಿ, ಮಕ್ಕಳ ಸೋಲನ್ನು ಒಪ್ಪಿಕೊಳ್ಳಲು ಪೋಷಕರು ಸಿದ್ಧರಿರಬೇಕು ಎಂದಿತು. ಮಾತು ಸರಿ, ಆದರೆ ಅರ್ಧ ಸರಿ. ಅಭಿನಯದಲ್ಲಿ ಭಾವ ಇತ್ತೇ ಎಂದು ನ್ಯಾಯಾಧೀಶರು ತೂಗಲಾರರು, ತೂಗಲೂಬಾರದು. ಆದರೆ ಅಂಕಗಳನ್ನು ತಪ್ಪಾಗಿ ಕೂಡಿದ್ದರೆ, ಸ್ಪರ್ಧಿಯ ಗುರುವಿನ ಬಂಧುವೇ ತೀರ್ಪುಗಾರನಾಗಿ ಕೂತಿದ್ದರೆ, ಅದು ರುಚಿಯ ಪ್ರಶ್ನೆಯಲ್ಲ, ನಿಯಮದ ಪ್ರಶ್ನೆ. ಅದನ್ನು ಕೇಳುವ ಮಗುವಿಗೆ ಸೋಲನ್ನು ಒಪ್ಪಿಕೋ ಎನ್ನುವುದು ಅನ್ಯಾಯ. ಕಾಸರಗೋಡಿನ ಕನ್ನಡಿಗರಿಗೆ ಇದು ದೂರದ ಸಂಗತಿಯಲ್ಲ. ಯಕ್ಷಗಾನವೂ ಕಲೋತ್ಸವದ ಒಂದು ಸ್ಪರ್ಧೆ. ಒಂದು ಕಲೆಯನ್ನು ಬಲ್ಲವರು ಕಡಿಮೆಯಾದಷ್ಟೂ ಕಲಿಸುವವರು ಮತ್ತು ತೀರ್ಪು ಕೊಡುವವರು ಒಂದೇ ಬಳಗದವರಾಗುತ್ತಾರೆ.

ಕಲೋತ್ಸವದ ವ್ಯಾಜ್ಯಗಳಿಗೆ ಪ್ರತ್ಯೇಕ ನ್ಯಾಯಮಂಡಳಿ ಇರಲಿ ಎಂಬ ಸಲಹೆಯೂ ಹೈಕೋರ್ಟಿನಿಂದಲೇ ಬಂದಿದೆ. ನನಗೆ ಅದರಲ್ಲಿ ನಂಬಿಕೆಯಿಲ್ಲ. ಸಾಲು ಒಂದು ಕಟ್ಟಡದಿಂದ ಇನ್ನೊಂದು ಕಟ್ಟಡಕ್ಕೆ ಸರಿಯುತ್ತದೆ, ಅಷ್ಟೆ. ಠೇವಣಿ ಕಟ್ಟಿ ವಕೀಲರನ್ನಿಡಬಲ್ಲ ಮನೆಯ ಮಗುವೇ ಅಲ್ಲಿಯೂ ಮುಂದೆ ನಿಲ್ಲುತ್ತದೆ. ಬಾಡಿಗೆ ಉಡುಪಿನಲ್ಲಿ ಕುಣಿದು ಸೋತ ಕೂಲಿಕಾರರ ಮಗಳು ಯಾವ ಅರ್ಜಿಯನ್ನೂ ಹಾಕದೆ ಮನೆಗೆ ಹೋಗುತ್ತಾಳೆ.

ಆಗಬೇಕಾದದ್ದು ಸ್ಪರ್ಧೆಯ ಅಂಗಳದಲ್ಲೇ. ಯಾರ ಬಳಿ ಕಲಿತವರು, ಯಾರಿಗೆ ಕಲಿಸುತ್ತಿದ್ದಾರೆ ಎಂಬುದನ್ನು ತೀರ್ಪುಗಾರರು ಮೊದಲೇ ಬರೆದುಕೊಡಲಿ. ತಾಳ, ಅಭಿನಯ, ಆಹಾರ್ಯ ಎಂದು ಬಿಡಿಬಿಡಿಯಾಗಿ ಅಂಕ ಹಾಕಿ, ಎರಡು ಸಾಲಿನ ಕಾರಣದೊಂದಿಗೆ ಅಂದೇ ಪ್ರಕಟಿಸಲಿ. ಪ್ರದರ್ಶನದ ವಿಡಿಯೊ ಇರಲಿ. ಅಪೀಲು ಬಂದರೆ ಹೊರಜಿಲ್ಲೆಯ ಕಲಾವಿದರು ಅದನ್ನು ನೋಡಿ ವಾರದೊಳಗೆ ಹೇಳಲಿ, ಶುಲ್ಕವಿಲ್ಲದೆ. ಎಲ್ಲಕ್ಕಿಂತ ಮುಖ್ಯವಾಗಿ, ಪರೀಕ್ಷೆಯ ಅಂಕಕ್ಕೂ ಕುಣಿತಕ್ಕೂ ಇರುವ ನಂಟನ್ನು ಕಡಿಯಬೇಕು. ಅದನ್ನು ಮಾಡುವ ಅಧಿಕಾರ ಕೋರ್ಟಿನದಲ್ಲ, ಸರ್ಕಾರದ್ದು. ಮುಂದಿನ ಜಿಲ್ಲಾ ಕಲೋತ್ಸವಗಳ ದಿನಾಂಕ ಗೊತ್ತುಮಾಡುವ ಮೊದಲೇ ಕೇರಳ ಸರ್ಕಾರ ಈ ಕೆಲಸ ಮಾಡಲಿ. ಪ್ರತಿಭಾ ಕಾರಂಜಿ ನಡೆಸುವ ನಮ್ಮ ಕರ್ನಾಟಕದ ಶಿಕ್ಷಣ ಇಲಾಖೆಯೂ ತೀರ್ಪುಗಾರರ ಅಂಕಪಟ್ಟಿಯನ್ನು ಈ ವರ್ಷದಿಂದಲೇ ಶಾಲೆಯ ಸೂಚನಾ ಫಲಕಕ್ಕೆ ಹಾಕಲಿ.