ಆಟದ ಡಿಸ್ಕಿಗೊಂದು ಪಡಿಯಚ್ಚು

ಹಣ ತೆತ್ತು ಕೊಂಡ ವಿಡಿಯೊ ಆಟದ ಡಿಸ್ಕು ಮಕ್ಕಳ ಕೈಯಲ್ಲಿ ಗೀರುಬಿದ್ದು ಕೆಟ್ಟರೆ ಹೊಸದನ್ನೇ ಕೊಳ್ಳಬೇಕೆ? ಮೊದಲೇ ಒಂದು ಪ್ರತಿ ಮಾಡಿಟ್ಟುಕೊಂಡರೆ ಅದು ಕಳ್ಳತನವಾದೀತೆ? ವಾಚಕರಿಗೆ ಈ ಸಂದೇಹ ಬರುವುದು ಸಹಜ.

ನಮ್ಮ 1957ರ ಕೃತಿಸ್ವಾಮ್ಯ ಕಾಯಿದೆಯ 52ನೆಯ ಪ್ರಕರಣದಲ್ಲಿ ಇದಕ್ಕೆ ಉತ್ತರವುಂಟು. ಕಂಪ್ಯೂಟರ್ ಕ್ರಮವಿಧಿಯೊಂದನ್ನು ನ್ಯಾಯವಾಗಿ ಹೊಂದಿದವನು, ನಷ್ಟ ನಾಶಗಳಿಂದ ರಕ್ಷಿಸಿಕೊಳ್ಳುವ ಸಲುವಾಗಿ ಮಾತ್ರ, ಅದರ ಪ್ರತಿ ತೆಗೆದಿಡಬಹುದು. ಮಾರುವುದಕ್ಕಲ್ಲ, ಹಂಚುವುದಕ್ಕೂ ಅಲ್ಲ.

ಆದರೆ ಕಾಯಿದೆ ಒಪ್ಪಿದರೂ ಯಂತ್ರ ಒಪ್ಪಬೇಕಲ್ಲ! 1994ರಲ್ಲಿ ಜಪಾನಿನಲ್ಲಿ ಮಾರಾಟಕ್ಕೆ ಬಂದ ಮೊದಲ ಪ್ಲೇಸ್ಟೇಷನ್ ಯಂತ್ರವನ್ನೇ ನೋಡಿರಿ. ಅದರ ಮೂಲ ಡಿಸ್ಕಿನ ಒಳಅಂಚಿನಲ್ಲಿ ಸುರುಳಿಗೆರೆಯು ಬೇಕೆಂದೇ ಸಣ್ಣಗೆ ತೊನೆಯುತ್ತದೆ. ಆ ತೊನೆತದಲ್ಲಿಯೇ ಗುರುತಿನಕ್ಷರಗಳು ಅಡಗಿವೆ. ಮನೆಯ ಕಂಪ್ಯೂಟರು ಆಟವನ್ನೆಲ್ಲ ನಕಲು ಮಾಡೀತು, ಈ ತೊನೆತವನ್ನು ಮಾತ್ರ ಬರೆಯಲಾರದು. ಗುರುತು ಕಾಣದೆ ಯಂತ್ರ ಆ ಪ್ರತಿಯನ್ನು ತಿರಸ್ಕರಿಸುತ್ತದೆ. ಕಳ್ಳನಿಗೆಂದು ಹಾಕಿದ ಬೀಗ ಮನೆಯೊಡೆಯನನ್ನೂ ಹೊರಗೆ ನಿಲ್ಲಿಸಿದಂತಾಯಿತು!

ಆದುದರಿಂದ ಮೂಲವನ್ನೇ ಜೋಪಾನ ಮಾಡಿರಿ. ಒರೆಸುವಾಗ ನಡುವಿನಿಂದ ಅಂಚಿಗೆ ನೇರವಾಗಿ ಒರೆಸಿರಿ. ಚಿತ್ರ ಮುದ್ರಿಸಿದ ಮೇಲ್ಮೈಯ ಬಗೆಗೆ ಹೆಚ್ಚು ಎಚ್ಚರವಿರಲಿ. ಕೆಳಮೈಯ ಸಣ್ಣ ಗೀರನ್ನು ಉಜ್ಜಿ ತೆಗೆಯಬಹುದು. ಮೇಲ್ಮೈಯಡಿಯ ಲೋಹದ ತೆಳುಪದರ ಕಿತ್ತುಬಂದರೆ ಮದ್ದಿಲ್ಲ.